ಗಜನ್ ಪಿನ್

ಬಿಲ್ಲು ವಾಪಸು ಬಂತು, ಮೈಮೇಲೆ ಕೆಂಪು ಶಾಯಿಯ ಸುತ್ತು.
'ಗಜನ್ ಅಂದರೇನು? ಇಂಥ ಪದವಿಲ್ಲ. ಸರಿಪಡಿಸಿ ಕಳಿಸಿ.'
ವಿಮೆಯ ಸರ್ವೇಯರ್ ಸಾಹೇಬರ ಕೈಬರಹ.
ಹನ್ನೊಂದು ವರ್ಷದಿಂದ ಬರೆಯುತ್ತಿದ್ದೇನೆ
ಸಾಗರ ರಸ್ತೆಯ ಈ ರೀಬೋರಿಂಗ್ ಅಂಗಡಿಯ ಬಿಲ್ಲು:
ಪಿಸ್ಟನ್ ಒಂದು, ರಿಂಗ್ ಸೆಟ್ ಒಂದು, ಗಜನ್ ಪಿನ್ ಒಂದು,
ಕೂಲಿ ಬೇರೆ.
ಯಾರೂ ಕೇಳಿರಲಿಲ್ಲ.

ಪ್ಯಾರೇಜಾನ್ ಮೇಸ್ತ್ರಿಯನ್ನು ಕೇಳಿದೆ.
ಲೇತಿನಿಂದ ಕಣ್ಣೆತ್ತದೆ ಅಂದರು:
'ಗಜ ಅಂದ್ರೆ ಆನೆ ಅಲ್ವೇನಮ್ಮ?
ಲಾರಿಯ ಅಷ್ಟೂ ಏಟು ಬೀಳೋದು ಈ ಬೆರಳುದ್ದದ ಪಿನ್ನಿನ ಮೇಲೆ.
ಸಕ್ರೆಬೈಲಿಗೆ ಬಂದು ಹೆಸರಿಟ್ಟಿರಬೇಕು ಇಂಗ್ಲಿಷಿನೋರು.'
ನಕ್ಕರೋ ಇಲ್ಲವೋ ತಿಳಿಯಲಿಲ್ಲ; ಬೀಡಿ ಅಡ್ಡವಿತ್ತು.

ರಾತ್ರಿ ಟ್ರಂಕಿನ ತಳದಿಂದ ತೆಗೆದೆ
ಹೈಸ್ಕೂಲಿನ ಪ್ರಬಂಧ ಸ್ಪರ್ಧೆಗೆ ಕೊಟ್ಟಿದ್ದ ನಿಘಂಟು.
ಹುಳ ತಿಂದು ಜಾಲರಿ ಮಾಡಿತ್ತು ಪುಟಗಳನ್ನು.
ಜಿ-ಎ-ಜೆ ಇಲ್ಲ. ಜಿ-ಯು-ಜೆ ಇಲ್ಲ.
ಬೆರಳು ಜಾರಿ ನಿಂತದ್ದು ಜಿ-ಯು-ಡಿ-ಜಿ.
ಆ ಡಿ ಯಾವ ಕಾಲಕ್ಕೋ ಸವೆದುಹೋಗಿದೆ ನಮ್ಮಲ್ಲಿ;
ಅಂಗಡಿಯ ನಾಲಿಗೆಯೂ ಒಂದು ಲೇತೇ.

ಮೊದಲ ಅರ್ಥ: ಮೀನು.
ಹೊಳೆಯ ತಳದ ಮರಳು ಮೂಸುತ್ತ ತಿರುಗುವ ಚಿಕ್ಕ ಮೀನು,
ಬಾಯಂಚಿಗೆ ಎರಡೆಳೆ ಮೀಸೆ.
ಗ್ರೀಸಿನ ಕೈ ಒರೆಸಿಕೊಂಡು ಮತ್ತೆ ಓದಿದೆ.

ಆಮೇಲೆ, ಬಾಗಿಲಿನ ಗೂಟ ಕೂತು ತಿರುಗುವ ಕುಳಿ.
ಕೋಟೆ ರಸ್ತೆಯಲ್ಲಿ ನಾವಿದ್ದ ವಠಾರದ ಬಾಗಿಲು ನೆನಪಾಯಿತು,
ಮೂಲೆಯ ಕಲ್ಲಿಗೆ ಎರಡು ಹನಿ ಎಣ್ಣೆ ಬಿಟ್ಟರೆ
ಕಿರುಗುಟ್ಟುವುದು ನಿಲ್ಲಿಸುತ್ತಿತ್ತು.
ಆ ಕುಳಿಗೆ ನಮ್ಮಲ್ಲಿ ಏನಂತಾರೆ?
ಅಮ್ಮನನ್ನು ಕೇಳಿದರೆ, 'ಅದಾ? ಅದು ಅದೇ' ಅಂದಳು.

ದೋಣಿಯ ಚುಕ್ಕಾಣಿ ಸಿಕ್ಕಿಸುವ ಬಳೆಗೂ ಅದೇ ಹೆಸರಂತೆ.
ಇರಲಿ, ತುಂಗೆಯ ಹರಿಗೋಲಿಗೆ ಚುಕ್ಕಾಣಿ ಯಾವತ್ತಿತ್ತು.

ಕೊನೆಯ ಅರ್ಥಕ್ಕೆ ಹುಳ ಅರ್ಧ ಬಾಯಿ ಹಾಕಿತ್ತು:
'ಏನು ಕೊಟ್ಟರೂ ನುಂಗುವವನು, ಸುಲಭಕ್ಕೆ ಮೋಸಹೋಗುವ'
ಅಲ್ಲಿಗೆ ತೂತು.

ಮೇಸ್ತ್ರಿಯ ಸ್ಪ್ಯಾನರ್ ಡ್ರಾಯರಿನಲ್ಲಿ ಒಂದು ಪಾಸ್‌ಬುಕ್ ಇದೆ.
ಹದಿನೆಂಟು ತಿಂಗಳು ಕಟ್ಟಿದ ಚೀಟಿ, ಎಲ್ಲ ಸಹಿಯೂ ಸರಿಯಾಗಿದೆ,
ಸಹಿ ಹಾಕಿದ ಶಂಕರೋಜಿ ಮಾತ್ರ
ಹಬ್ಬದ ಹಿಂದಿನ ದಿನ ಬೀಗ ಹಾಕಿಕೊಂಡು ಹೋದವನು.
'ಅವನಿಗೇನು ಕಷ್ಟ ಬಂತೋ' ಅನ್ನುತ್ತಾರೆ ಇವರು,
ಸಂಕಟಪಟ್ಟು, ನಿಜವಾಗಿಯೇ.

ಬೆಳಿಗ್ಗೆ ಹೇಳಿದೆ: ಮೀನಂತೆ. ಬಾಗಿಲ ಕುಳಿಯಂತೆ. ಇಷ್ಟೇ.
ಮೇಸ್ತ್ರಿ ಪಿನ್ನಿಗೆ ಎಣ್ಣೆ ಸವರಿ
ಹೆಬ್ಬೆರಳಲ್ಲಿ ಒತ್ತಿದರು. ಅದು ಸುಳ್ಳನೆ
ಪಿಸ್ಟನ್ನಿನ ಹೊಟ್ಟೆಯೊಳಗೆ ಹೋಯಿತು.
'ಮೀನು ಸರಿ. ಕೈಲಿ ನಿಲ್ಲಲ್ಲ ನೋಡು.'
ಹೌದು, ಇಷ್ಟೇ, ಅಂದೆ.
'ಇಷ್ಟೇ ಅಂತ ಎರಡು ಸಲ ಅಂದೆ. ಇನ್ನೊಂದೇನು?'

ಪುಟ ತೂತಾಗಿದೆ ಅಂದೆ.

ಅವರು ಕ್ಲಿಪ್ ಕೂರಿಸಿದರು, ಒಂದು ಬದಿ, ಇನ್ನೊಂದು ಬದಿ.
ಆಮೇಲೆ, ಯಾರಿಗೋ ಹೇಳುವಂತೆ:
'ಚಿಬ್ಬಲಗುಡ್ಡೆಗೆ ಹೋಗಿದೀಯಾ? ಮಂಡಕ್ಕಿ ಎಸೆದರೆ
ಹೊಳೆಯೆಲ್ಲ ಬಾಯಿ. ಒಂದಾದ್ರೂ ಮೂಸಿ ನೋಡಲ್ಲ.
ಅಲ್ಲಿ ಗಾಳ ಹಾಕೋರಿಲ್ಲ, ಅದಕ್ಕೇ.'

ಬಿಲ್ಲನ್ನು ಹೊಸದಾಗಿ ಬರೆದೆ, ಡಿ ಸೇರಿಸಿ.
ನಮ್ಮ ಪ್ರತಿಯಲ್ಲಿ ಗಜನ್ ಎಂದೇ ಇದೆ.
ತೆಗೆದೆಸೆದ ಹಳೆಯ ಪಿನ್ನು ಮೇಜಿನ ಮೇಲಿತ್ತು,
ಒಂದು ಕಡೆ ನೀಲಿಗಟ್ಟಿ ಸವೆದದ್ದು.
ಒಳಗೆ ಪೊಳ್ಳು. ಕಣ್ಣಿಗೆ ಹಿಡಿದೆ.
ಆ ತುದಿಯಲ್ಲಿ, ನಾಣ್ಯದಷ್ಟು ಬೆಳಕಿನಲ್ಲಿ,
ಸಾಗರದ ಬಸ್ಸೊಂದು ನಿಂತು ಜನರನ್ನು ಹತ್ತಿಸಿಕೊಳ್ಳುತ್ತಿತ್ತು.